718ಕ್ಕೆ ವೋಚರ್ ಎಲ್ಲಿ?

ವಿಠ್ಠಲವಾಡಿಯ ನಮ್ಮ ಮರಾಠಿ ನೆರೆಯವರ ಹತ್ತಿರ ಒಮ್ಮೆ ಜಂಬ ಕೊಚ್ಚಿದ್ದೆ: ‘ನಮ್ಮ ಸಿರಿಭೂವಲಯದಲ್ಲಿ ಅಕ್ಷರವೇ ಇಲ್ಲ, ಬರೀ ಅಂಕಿ. ಅದರೊಳಗೆ 718 ಭಾಷೆ!’ ‘ಹಾಗಾದರೆ ಮರಾಠಿ ಎಲ್ಲಿದೆ, ತೋರಿಸಿ’ ಅಂದರು. ನನ್ನ ಬಾಯಿ ಕಟ್ಟಿತು.

ಆಮೇಲೆ ಪುಸ್ತಕ ತರಿಸಿ, ಹಳೇ ಬ್ಯಾಂಕಿನವನ ಅಭ್ಯಾಸದಂತೆ ತಾಳೆ ನೋಡಲು ಕೂತೆ. ಕುಮುದೇಂದು ಮುನಿಯ ಈ ಗ್ರಂಥ ಮೊದಲು ಅಚ್ಚಾದದ್ದು 1953ರಲ್ಲಿ. ಪ್ರತಿ ಚಕ್ರದಲ್ಲೂ ಅಡ್ಡಕ್ಕೆ 27, ಉದ್ದಕ್ಕೆ 27, ಒಟ್ಟು 729 ಮನೆ. 1ರಿಂದ 64ರವರೆಗಿನ ಒಂದೊಂದು ಅಂಕಿಗೂ ಒಂದೊಂದು ಧ್ವನಿ. ಹೇಳಿದ ಬಂಧದಲ್ಲಿ ನಡೆದರೆ ಕನ್ನಡ ಸಾಂಗತ್ಯ ಹೊರಡುತ್ತದೆ. ಪದ್ಯಗಳ ಮೊದಲ ಅಕ್ಷರಗಳನ್ನು ಮೇಲಿಂದ ಕೆಳಕ್ಕೆ ಓದಿದರೆ ಪ್ರಾಕೃತ, ನಡುವಿನವು ಸಂಸ್ಕೃತ. ಇಷ್ಟಕ್ಕೆ ವೋಚರ್ ಇದೆ. 718ಕ್ಕೆ ನನಗಂತೂ ಸಿಗಲಿಲ್ಲ. 9ನೇ ಶತಮಾನದ್ದು ಅನ್ನುವುದನ್ನೂ ವಿದ್ವಾಂಸರೆಲ್ಲ ಒಪ್ಪಿಲ್ಲ.

ಊರು ಬಿಟ್ಟ ನಮ್ಮಂಥವರಿಗೆ ಇಂಥದೊಂದು ಮಾಯಾಗ್ರಂಥ ಬೇಕಾಗುತ್ತದೆ, ತೆರೆಯದೆಯೇ ಹೆಮ್ಮೆಪಡಬಹುದಲ್ಲ! ಆದರೆ ಮೂರು ಭಾಷೆಯನ್ನು ಅಂಕಿಯಲ್ಲಿ ಹೆಣೆದದ್ದೇನು ಸಣ್ಣ ಕೆಲಸವೇ? ಮೊನ್ನೆ ನೆರೆಯವರಿಗೆ ಅಷ್ಟನ್ನೇ ತೋರಿಸಿದೆ. ಅವರು ಪೆನ್ಸಿಲ್ ಹಿಡಿದು ಮನೆ ಎಣಿಸುತ್ತ ಕೂತರು.