ದತ್ತಾಂಶ ಮತ್ತು ನಾದ: ಚಾರ್ಲ್ಸ್ ಡಾಡ್ಜ್ ಅವರ ‘ಅರ್ತ್ಸ್ ಮ್ಯಾಗ್ನೆಟಿಕ್ ಫೀಲ್ಡ್’

ವೈಜ್ಞಾನಿಕ ದತ್ತಾಂಶವನ್ನು ಗಣಕಯಂತ್ರದ ನೆರವಿನಿಂದ ಸಂಗೀತವಾಗಿಸುವ ಪ್ರಯತ್ನಗಳ ಚರ್ಚೆಯಲ್ಲಿ ಅಮೆರಿಕದ ಸಂಯೋಜಕ ಚಾರ್ಲ್ಸ್ ಡಾಡ್ಜ್ ಅವರ ‘ಅರ್ತ್ಸ್ ಮ್ಯಾಗ್ನೆಟಿಕ್ ಫೀಲ್ಡ್’ (1970) ಮತ್ತೆ ಮತ್ತೆ ಎದುರಾಗುತ್ತದೆ. ಸೂರ್ಯನೇ ಭೂಮಿಯ ಕಾಂತಕ್ಷೇತ್ರವನ್ನು ನುಡಿಸಿದನೆಂಬಂತೆ ಈ ಕೃತಿಯನ್ನು ಬಣ್ಣಿಸುವುದುಂಟು. ಈ ಬಣ್ಣನೆ ಎಷ್ಟರಮಟ್ಟಿಗೆ ಒಪ್ಪತಕ್ಕದ್ದು ಎಂಬುದು ಪ್ರಸ್ತುತ ಲೇಖನದ ಪ್ರಶ್ನೆ.

ಕೃತಿಗೆ ಆಧಾರ 1961ನೆಯ ವರ್ಷದ ಕೆಪಿ ಸೂಚ್ಯಂಕ. ಸೌರಮಾರುತದಿಂದ ಭೂಕಾಂತಕ್ಷೇತ್ರದಲ್ಲಿ ಉಂಟಾಗುವ ಕ್ಷೋಭೆಯನ್ನು ಮೂರು ಗಂಟೆಗೊಮ್ಮೆ ಸೂಚಿಸುವ ಈ ಮಾನವನ್ನು ರೂಪಿಸಿದವರು ಜರ್ಮನಿಯ ಭೂಭೌತವಿಜ್ಞಾನಿ ಜೂಲಿಯಸ್ ಬಾರ್ಟೆಲ್ಸ್. ದಿನಕ್ಕೆ 8ರಂತೆ ವರ್ಷಕ್ಕೆ 2,920 ಬೆಲೆಗಳು. ಬಾರ್ಟೆಲ್ಸ್ ಇವನ್ನು ಪಾಶ್ಚಾತ್ಯ ಸ್ವರಲಿಪಿಯನ್ನು ಹೋಲುವ ನಕ್ಷೆಗಳಲ್ಲಿ ಚಿತ್ರಿಸಿದ್ದರಿಂದ ಅವಕ್ಕೆ ‘ಸಂಗೀತ ನಕ್ಷೆ’ ಎಂಬ ಹೆಸರೇ ಬಿದ್ದಿತು. ಅಂದರೆ ಡಾಡ್ಜ್ ಕೈಗೆ ಬರುವ ಮೊದಲೇ ದತ್ತಾಂಶ ಸಂಗೀತದ ವೇಷ ತೊಟ್ಟಿತ್ತು!

ಕೆಪಿ ಮಾನದಲ್ಲಿ ಸೊನ್ನೆಯಿಂದ ಒಂಬತ್ತರವರೆಗೆ, ಮೂರನೆಯ ಒಂದಂಶದ ಲೆಕ್ಕದಲ್ಲಿ, 28 ಮೆಟ್ಟಿಲುಗಳಿವೆ. ಏಳು ಸ್ವರಗಳ ನಾಲ್ಕು ಸ್ಥಾಯಿಗಳೂ 28. ಡಾಡ್ಜ್ ಹಿಡಿದದ್ದು ಈ ಕಾಕತಾಳೀಯವನ್ನು. ಕೆಪಿಯ ಮೇಲಿನ ಒಂದೊಂದು ಮೆಟ್ಟಿಲೂ ಕೆಳಗಿನದಕ್ಕಿಂತ ಹೆಚ್ಚಿನ ಕ್ಷೋಭೆಯ ಅಂತರವನ್ನು ಒಳಗೊಳ್ಳುತ್ತದೆ; ಸ್ಥಾಯಿಯಿಂದ ಸ್ಥಾಯಿಗೆ ಆವರ್ತನವೂ ಇಮ್ಮಡಿಯಾಗುತ್ತದೆ. ಈ ಮಟ್ಟಿಗೆ ಹೊಂದಾಣಿಕೆ ಯುಕ್ತವೇ. ಆದರೆ ಸಪ್ತಸ್ವರಗಳ ನಡುವಣ ಅಂತರಗಳು ಎಲ್ಲೋ ಪೂರ್ಣ, ಎಲ್ಲೋ ಅರ್ಧ. ಶ್ರೋತೃವಿಗೆ ಪರಿಚಿತವೆನಿಸುವ ಮಾಧುರ್ಯ ಹುಟ್ಟುವುದು ಬಹುಮಟ್ಟಿಗೆ ಈ ಅಸಮತೆಯಿಂದ. ಆ ಅಸಮತೆಗೆ ದತ್ತಾಂಶದಲ್ಲಿ ಯಾವ ಆಧಾರವೂ ಇಲ್ಲ. ಅದು ಯುರೋಪಿನ ಸಂಗೀತ ಪರಂಪರೆಯ ಕೊಡುಗೆ. ಸೂರ್ಯನಿಗೆ ಸ್ವರಶ್ರೇಣಿ ಗೊತ್ತಿಲ್ಲ.

ಜಾನಪದದ ಅಭ್ಯಾಸಿಗೆ ಇಲ್ಲಿ ಬೀಸುವ ಪದಗಳ ನೆನಪಾಗುವುದು ಸಹಜ. ಕಲ್ಲಿನ ಸುತ್ತು ಹಾಡಿನ ಲಯವನ್ನು ನಿಯಂತ್ರಿಸುತ್ತದೆ, ಧಾಟಿಯನ್ನಲ್ಲ. ಆದರೂ ಆ ಸುತ್ತನ್ನು ಹಾಡುವವಳ ತೋಳು ಅನುಭವಿಸಿರುತ್ತದೆ. ಕಾಂತಕ್ಷೋಭೆಯನ್ನು ಯಾವ ದೇಹವೂ ಹಾಗೆ ಅನುಭವಿಸಿಲ್ಲ. ಅದು ಉಪಕರಣದ ದಾಖಲೆ ಮಾತ್ರ. ಹೀಗಾಗಿ ಈ ಕೃತಿಯನ್ನು ಪ್ರಕೃತಿಯ ಹಾಡೆನ್ನುವುದಕ್ಕಿಂತ ಒಂದು ಕೋಷ್ಟಕದ ವಾಚನವೆನ್ನುವುದು ಹೆಚ್ಚು ಸರಿ.

ಇಷ್ಟಾದರೂ ಕೃತಿಯನ್ನು ತಳ್ಳಿಹಾಕುವಂತಿಲ್ಲ. ಶಾಂತ ದಿನಗಳಲ್ಲಿ ಕೆಳಸ್ಥಾಯಿಯಲ್ಲೇ ಸುಳಿಯುವ ಸ್ವರ ಕಾಂತಬಿರುಗಾಳಿ ಬಂದೊಡನೆ ಮೇಲಕ್ಕೆ ನೆಗೆಯುವ ರೀತಿ, ಮತ್ತೆ ಇಳಿಯಲು ಹಿಡಿಯುವ ಕಾಲ, ಇವು ಅಭ್ಯಾಸಬಲದಿಂದ ಬರೆಯುವ ಕೈಗೆ ಸುಲಭವಾಗಿ ದಕ್ಕುವಂಥವಲ್ಲ. ಏರಿಳಿತದ ಆಕೃತಿ ದತ್ತಾಂಶದ್ದು, ಸ್ವರಶ್ರೇಣಿ ಪರಂಪರೆಯದು, ನಾದದ ಬಣ್ಣವನ್ನು ಆಯ್ದವರು ಡಾಡ್ಜ್. ಧ್ವನಿಮುದ್ರಿಕೆಯ ಹೊದಿಕೆಯ ಮೇಲೆ ಮೂವರು ಭೌತವಿಜ್ಞಾನಿಗಳ ಹೆಸರೂ ಇದೆ. ಬಾರ್ಟೆಲ್ಸ್ ಅವರನ್ನೂ ಸೇರಿಸಿ ನೋಡಿದರೆ, ಕರ್ತೃ ಒಬ್ಬನೇ ಎಂದು ಭಾವಿಸುವ ಗ್ರಂಥಾಲಯ ಸೂಚಿಗೆ ಈ ಕೃತಿ ಒಗ್ಗುವುದು ಕಷ್ಟ.