ಹೋರಿಯ ಗುಂಡಿಗೆ ಕ್ಯಾಮರಾ ಇಲ್ಲ

ಸಾಲ ಕಟ್ಟಲಾಗದೆ ಜಮೀನು ಕೈತಪ್ಪುವ ಹೊತ್ತು. ಆತ್ಮಹತ್ಯೆ ಮಾಡಿಕೊಂಡ ರೈತನ ಮನೆಯವರಿಗೆ ಸರಕಾರ 1 ಲಕ್ಷ ರೂಪಾಯಿ ಕೊಡುತ್ತದೆಂಬ ಮಾತು ಬುಧಿಯಾ, ನತ್ಥಾ ಎಂಬ ಅಣ್ಣ ತಮ್ಮಂದಿರ ಕಿವಿಗೆ ಬೀಳುತ್ತದೆ. ಅಣ್ಣ ಉಪಾಯವಾಗಿ ತಮ್ಮನನ್ನೇ ಸಾಯಲು ಒಪ್ಪಿಸುತ್ತಾನೆ. ಸ್ಥಳೀಯ ಪತ್ರಕರ್ತ ರಾಕೇಶ್ ಇದನ್ನು ಸುದ್ದಿ ಮಾಡಿದ್ದೇ ತಡ, ದಿಲ್ಲಿಯ ಚಾನೆಲ್‌ಗಳು ಪೀಪ್ಲಿ ಹಳ್ಳಿಗೆ ಮುಗಿಬೀಳುತ್ತವೆ. ಅನುಷಾ ರಿಜ್ವಿ ನಿರ್ದೇಶಿಸಿದ, 2010ರಲ್ಲಿ ತೆರೆ ಕಂಡ ಹಿಂದಿ ಚಿತ್ರ ‘ಪೀಪ್ಲಿ ಲೈವ್’ನ ಕಥೆಯಿದು.

ಇದು ಅತಿಶಯೋಕ್ತಿ ಎನ್ನುವವರು 2005ರ ಅಕ್ಟೋಬರ್ ತಿಂಗಳನ್ನು ನೆನಪಿಸಿಕೊಳ್ಳಲಿ. ಮಧ್ಯಪ್ರದೇಶದ ಬೇತುಲ್ ಜಿಲ್ಲೆಯ ಜ್ಯೋತಿಷಿಯೊಬ್ಬ ತಾನು ಇಂಥ ದಿನ ಸಾಯುತ್ತೇನೆಂದಾಗ ಚಾನೆಲ್‌ಗಳು ಆತನ ಮನೆ ಮುಂದೆ ನೇರ ಪ್ರಸಾರಕ್ಕೆ ನಿಂತಿದ್ದವು. ಆತ ಸಾಯಲಿಲ್ಲ. ಸ್ವತಃ ಟಿ.ವಿ. ಪತ್ರಕರ್ತೆಯಾಗಿದ್ದ ರಿಜ್ವಿಯವರಿಗೆ ಈ ಹಸಿವು ಚೆನ್ನಾಗಿ ಗೊತ್ತು. ಚಿತ್ರದಲ್ಲಿ ನತ್ಥಾ ಕಾಣೆಯಾದಾಗ ವರದಿಗಾರನೊಬ್ಬ ಅವನ ಮಲದ ಬಳಿ ನಿಂತು ಅವನ ಮನಸ್ಥಿತಿಯನ್ನು ವಿಶ್ಲೇಷಿಸುತ್ತಾನೆ! ನಾವು ನಗುತ್ತೇವೆ. ಆದರೆ ಇಂಥದ್ದನ್ನೇ ಅಲ್ಲವೇ ನಾವು ಊಟದ ತಟ್ಟೆ ಹಿಡಿದು ನೋಡುತ್ತಿರುವುದು?

ಚಿತ್ರದ ಜೀವ ಇರುವುದು ನತ್ಥಾನಲ್ಲಲ್ಲ, ಹೋರಿ ಮಹತೋ ಎಂಬ ಮುದುಕನಲ್ಲಿ. ಪ್ರೇಮಚಂದರ ‘ಗೋದಾನ’ದ ಬಡ ರೈತನ ಹೆಸರೂ ಹೋರಿ. ಭೂಮಿ ಕಳೆದುಕೊಂಡ ಈತ ದಿನವಿಡೀ ಮಣ್ಣು ಅಗೆದು ಮಾರಿ ಬದುಕುತ್ತಾನೆ. ಒಂದು ದಿನ ತಾನು ತೋಡಿದ ಗುಂಡಿಯಲ್ಲೇ ಸತ್ತಿರುತ್ತಾನೆ. ಅವನ ಸಾವೇಕೆ ಸುದ್ದಿಯಲ್ಲ ಎಂದು ರಾಕೇಶ್ ಇಂಗ್ಲಿಷ್ ಚಾನೆಲ್‌ನ ವರದಿಗಾರ್ತಿಯನ್ನು ಕೇಳುತ್ತಾನೆ. ಆಕೆಗೆ ಬೇಕಾದದ್ದು ಸತ್ತವನಲ್ಲ, ಸಾಯುತ್ತೇನೆಂದು ಮೊದಲೇ ಹೇಳಿದವನು. ಸದ್ದು ಮಾಡದೆ ಸತ್ತವನಿಗೆ ಪರದೆಯಲ್ಲಿ ಜಾಗವಿಲ್ಲ.

ಒಂದು ಕೊರತೆಯನ್ನೂ ಹೇಳಬೇಕು. ಚಾನೆಲ್‌ಗಳ ಜಾತ್ರೆಯನ್ನು ಗೇಲಿ ಮಾಡುವ ಭರದಲ್ಲಿ ಚಿತ್ರವೂ ಆ ಜಾತ್ರೆಯಲ್ಲಿ ಹೆಚ್ಚು ಹೊತ್ತು ಕಳೆಯುತ್ತದೆ. ನತ್ಥಾನ ಹೆಂಡತಿ ಧನಿಯಾಳ ಸಿಟ್ಟಿಗೆ ಸಿಕ್ಕ ಅವಕಾಶ ಸಾಲದು.

ಕೊನೆಯ ಪೆಟ್ಟು ಮಾತ್ರ ಗುರಿ ತಪ್ಪುವುದಿಲ್ಲ. ಬೆಂಕಿ ಅನಾಹುತದಲ್ಲಿ ರಾಕೇಶ್ ಸಾಯುತ್ತಾನೆ. ಸತ್ತವನು ನತ್ಥಾನೇ ಎಂದುಕೊಂಡ ಚಾನೆಲ್‌ಗಳು ಗಂಟುಮೂಟೆ ಕಟ್ಟುತ್ತವೆ. ಅದು ಆತ್ಮಹತ್ಯೆಯಲ್ಲ, ಅಪಘಾತ. ಆದ್ದರಿಂದ ಪರಿಹಾರವೂ ಇಲ್ಲ. ನತ್ಥಾ ನಗರದ ಕಟ್ಟಡ ಕಾಮಗಾರಿಯಲ್ಲಿ ಧೂಳು ಮೆತ್ತಿಕೊಂಡು ಕೂತಿರುತ್ತಾನೆ. 1991ರಿಂದ 2001ರ ನಡುವೆ 80 ಲಕ್ಷ ರೈತರು ಬೇಸಾಯ ತೊರೆದರೆಂದು ತೆರೆಯ ಮೇಲಿನ ಬರಹ ತಿಳಿಸುತ್ತದೆ. ಅವರಲ್ಲಿ ಎಷ್ಟು ಮಂದಿಯ ಮನೆಗೆ ಕ್ಯಾಮರಾ ಹೋಗಿತ್ತು? ಹೋಗದಿದ್ದುದಕ್ಕೆ ಚಾನೆಲ್‌ಗಳನ್ನಷ್ಟೇ ದೂರಿದರೆ ಸಾಲದು. ರಿಮೋಟ್ ನಮ್ಮ ಕೈಯಲ್ಲೇ ಇತ್ತು.