ಬಣ್ಣ, ಬೆಳಕು, ನಾದ: ಜಮಖಂಡಿಯ ರಾನಡೆ

ಕಾದಂಬರಿಗಳ ಕಲ್ಪಿತ ಲೋಕಗಳಲ್ಲಿ ಬರುವ ಧ್ಯಾನದರ್ಶನ ಓದಿ ಬೆರಗಾಗುವವರು ಜಮಖಂಡಿಯತ್ತ ನೋಡಬೇಕು. 1886ರಲ್ಲಿ ಅಲ್ಲಿ ಹುಟ್ಟಿದ ರಾ.ದ. ರಾನಡೆ ಅಂಥದ್ದನ್ನು ಬದುಕಿಯೇ ಬರೆದರು. 1901ರಲ್ಲಿ ಉಮದಿಯ ಭಾವೂಸಾಹೇಬ ಮಹಾರಾಜರಿಂದ ನಾಮದೀಕ್ಷೆ. ಆ ಗುರುವಿನ ಇಂಚಗೇರಿ ಸಂಪ್ರದಾಯದಲ್ಲಿ ಸಾಧನೆಯ ತಿರುಳೇ ನಾಮಸ್ಮರಣೆ.

ನನಗೆ ಮೆಚ್ಚುಗೆಯಾಗುವುದು ಅವರ ವಿಂಗಡಣೆಯ ಶಿಸ್ತು. ಧ್ಯಾನದಲ್ಲಿ ಕಂಡ ಬಣ್ಣ, ಆಕಾರ, ಬೆಳಕು, ಕೇಳಿದ ನಾದ, ಇವನ್ನೆಲ್ಲ ರೈತ ಕಾಳು ಹಸನು ಮಾಡುವಂತೆ ಬೇರೆಬೇರೆ ಮಾಡಿ, ಕನ್ನಡದ ಶರಣರ, ದಾಸರ ಮಾತುಗಳಲ್ಲಿ ಅವುಗಳ ಗುರುತು ಹುಡುಕಿದರು. ಪವಾಡದ ಗದ್ದಲವಿಲ್ಲ. (ಅಲಹಾಬಾದ್ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದವರು ಎಂಬುದೂ ಬರಹದಲ್ಲಿ ಮೆರೆಯುವುದಿಲ್ಲ.)

ಕನ್ನಡ ಅನುಭಾವ ಕುರಿತ ಅವರ ಇಂಗ್ಲಿಷ್ ಪುಸ್ತಕ ಬಂದದ್ದು 1960ರಲ್ಲಿ, ಅವರು ತೀರಿಕೊಂಡ ಮೇಲೆ. ನಿಂಬಾಳದಲ್ಲಿರುವ ಅವರ ಆಶ್ರಮಕ್ಕೆ ಹೋಗುವವರು ಅದನ್ನು ಓದಿಕೊಂಡೇ ಹೋಗಲಿ.